ಹೆಗಲ ಮೇಲಿನ ಬೆರಳು

ಯುಕ್‌ಫಾನ್,

ಇವತ್ತು ಮತ್ತೆ ಸತ್ತೆ ಕಣೇ. ಕ್ಯಾಂಟನೀಸ್ ಸಿನಿಮಾದಲ್ಲಿ ರಾಜ, ಕಳ್ಳ, ಪೊಲೀಸು, ಹೆಂಗಸಿನ ವೇಷ, ಯಾವುದನ್ನೂ ಬಿಡದವನಿಗೆ ಈಗ ಬರೀ ಹೆಣದ ಪಾತ್ರ. ಶವಪೆಟ್ಟಿಗೆಯಿಂದ ಎದ್ದ ತಕ್ಷಣ ನಿರ್ದೇಶಕ ಲಾಮ್ ದೋಷ ಕಳೆಯೋ ದುಡ್ಡಿನ ಕೆಂಪು ಲಕೋಟೆ ಕೈಗಿಟ್ಟು, "ಕ್ಯಾಮೆರಾ ನೋಡಿ ಜೋರಾಗಿ ನಕ್ಕುಬಿಡಿ ಚಿಕ್ಕಪ್ಪ, ಸಾವು ಹೆದರಿ ಓಡ್ಲಿ" ಅಂದ. "ಸಾಯೋದಕ್ಕಿಂತ ನಗೋದೇ ಕಷ್ಟ ಕಣೋ" ಅಂತ ನಕ್ಕೆ.

ಪೆಟ್ಟಿಗೆಯ ಮುಂದಿಟ್ಟಿದ್ದ ನನ್ನ ಫೋಟೊ ಆಮೇಲೆ ಸುಡಬೇಕಲ್ಲ, ಅಪಶಕುನ ಉಳಿಯದ ಹಾಗೆ? ನೋಡಿದರೆ, ಹಳೇ ಪತ್ರಿಕೆಯ ನಮ್ಮ ಜೋಡಿ ಚಿತ್ರದಿಂದ ನನ್ನನ್ನಷ್ಟೇ ಕತ್ತರಿಸಿದ್ದರು. ನನ್ನ ಹೆಗಲ ಮೇಲೆ ನಿನ್ನ ಬೆರಳುಗಳು ಹಾಗೇ ಉಳಿದಿದ್ದವು. "ಮನೇಲಿ ಸುಡ್ತೀನಿ" ಅಂತ ಹೇಳಿ ತಂದುಬಿಟ್ಟೆ.

ಈಗಷ್ಟೇ ಲಾಮ್ ಫೋನ್ ಮಾಡಿದ್ದ. "ಸುಟ್ರಾ? ಚಕ್ಕೋತದ ಎಲೆ ನೀರಲ್ಲಿ ಸ್ನಾನ ಆಯ್ತಾ?" ಎರಡಕ್ಕೂ ಸುಳ್ಳೇ ಹೂಂ ಅಂದೆ.

ನಾನು ಹೀಗೆ ಸತ್ತು ಬಂದಾಗಲೆಲ್ಲ, ಸಾವಿನ ನೆರಳು ಹಿಂದೆ ಬರದಿರಲಿ ಅಂತ ಆ ನೀರು ಕಾಯಿಸಿಟ್ಟು, "ತೊಳ್ಕೊಂಡು ಒಳಗೆ ಬಾ" ಅಂತ ಬಾಗಿಲಲ್ಲೇ ತಡೆಯುತ್ತಿದ್ದವಳು ನೀನು. ನೀನು ತೀರಿಹೋದ ಸಂಜೆಯೂ ನಾನು ಕ್ಯಾಮೆರಾ ನೋಡಿ ನಗುತ್ತಿದ್ದೆ.

ಆ ಫೋಟೊ ನಿನ್ನ ಫೋಟೊದ ಪಕ್ಕದಲ್ಲಿಟ್ಟಿದ್ದೇನೆ. ಇವತ್ತು ಬಾಗಿಲಲ್ಲಿ ಯಾರೂ ತಡೆಯಲಿಲ್ಲ. ನನ್ನ ಹಿಂದೆ ಬಂದದ್ದು ಒಳಗೆ ಬಂದಾಗಿದೆ. ಹೆಗಲು ಭಾರವಾಗುತ್ತಿದೆ.

ನೀನೇ ಆಗಿದ್ದರೆ, ಕೈ ತೆಗೀಬೇಡ.