ಗಿಸೆಲಾ ಮತ್ತೆ ಮೈಕು ಹಿಡಿದಳು

ಕಾರ್ಲ್‌ಸ್ಕ್ರೂನಾ, ಸ್ವೀಡನ್
೧೨ ಫೆಬ್ರವರಿ ೨೦೦೫

ಪ್ರೀತಿಯ ಇವರಿಗೆ,

ಹೇಗಿದ್ದೀರಿ? ಗಂಟಲು ನೋವು ಇಳಿಯಿತೇ? ಬಿಸಿನೀರು ಕುಡಿಯುತ್ತಿದ್ದೀರಾ, ಇಲ್ಲ ನಾನಿಲ್ಲವೆಂದು ಸೋಡಾ ಅಂಗಡಿಯ ಕಡೆ ಸವಾರಿ ಹೊರಟಿದೆಯಾ? ಫೋನ್ ಮಾಡಿದರೆ ‘ಹ್ಞೂಂ’ ಎಂದು ಇಟ್ಟುಬಿಡುತ್ತೀರಿ. ಆಪರೇಷನ್ ಆದಮೇಲೆ ದನಿ ಒಡೆದಿದೆ ಎಂಬ ನಾಚಿಕೆ ಹೆಂಡತಿಯ ಹತ್ತಿರವೂ ಬೇಕೇ? ಅದಕ್ಕೇ ಈ ಕಾಗದ. ನಾವೆಲ್ಲ ಚೆನ್ನಾಗಿದ್ದೇವೆ. ಮಗಳು ಶೋಭನಾ ಆಫೀಸಿಗೆ, ಮೊಮ್ಮಗಳು ದಾಗಿಸ್ ಎಂಬ ಶಿಶುವಿಹಾರಕ್ಕೆ ಹೋದಮೇಲೆ ನನಗೆ ಎದುರುಮನೆಯ ಹಾನ್ನಾಳೇ ಗತಿ.

ಹಾನ್ನಾ ಜರ್ಮನಿಯವಳು, ನನ್ನದೇ ವಯಸ್ಸು. ದಿನಾ ಫೀಕಾಗೆ, ಅಂದರೆ ಇಲ್ಲಿಯವರ ಕಾಫಿ-ತಿಂಡಿಗೆ, ಕರೆಯುತ್ತಾಳೆ; ಅವಳ ಹಾಲಿಲ್ಲದ ಕಾಫಿಯನ್ನು ಮುಖ ಕಿವುಚದೆ ಕುಡಿಯಲು ಕಲಿತಿದ್ದೇನೆ. ಅವಳ ಟೀವಿಯಲ್ಲಿ ಜರ್ಮನ್ ಚಾನೆಲ್ ಬರುತ್ತದೆ, ಅದರಲ್ಲಿ ಗಿಸೆಲಾ ಎಂಬವಳು. ಹಾನ್ನಾಳದೂ ನನ್ನದೂ ಹರಕು ಇಂಗ್ಲಿಷಿನಲ್ಲಿ ಗಿಸೆಲಾಳ ಪೂರ್ತಿ ಚರಿತ್ರೆ ಮುಗಿಸಿದೆವು. ಹುಡುಗಿಯಾಗಿದ್ದಾಗ ‘ಮುಂದಿನ ಕಾರ್ಯಕ್ರಮ ಇದು’ ಎಂದು ಹೇಳುವ ಕೆಲಸ. ಆಮೇಲೆ ಶನಿವಾರದ ಕ್ವಿಜ್ ನಡೆಸುವುದು. ಇಡೀ ದೇಶ ಬೇಗ ಊಟ ಮುಗಿಸಿ ಕೂರುತ್ತಿತ್ತಂತೆ. ಅಷ್ಟರಲ್ಲಿ ಗಂಟಲಿಗೆ ಕತ್ತರಿ ಬಿತ್ತು. ಚಾನೆಲಿನವರು ಹೂಗುಚ್ಛ ಕೊಟ್ಟು ಮನೆಗೆ ಕಳಿಸಿದರು. ಪಾಪ, ಟೊಮೆಟೊ ಬೆಳೆಯುತ್ತ ಕೂತಳಂತೆ. ಈಗ ಅದೇ ಒಡೆದ ದನಿಯಲ್ಲಿ, ಹಿಮದ ಗುಡ್ಡದಿಂದ ಸ್ಕೀ ಕಟ್ಟಿಕೊಂಡು ಹಾರುವವರ ಪಂದ್ಯಕ್ಕೆ ಕಾಮೆಂಟರಿ ಹೇಳುತ್ತಾಳೆ!

ನಿನ್ನೆ ಕೊನೆಯ ಹುಡುಗ ಹಾರಿದಾಗ ಅವಳು ಮಾತೇ ಆಡಲಿಲ್ಲ. ಟೀವಿ ಕೆಟ್ಟಿತೆಂದು ನಾನು ಎದ್ದು, ನಮ್ಮನೆಯದಕ್ಕೆ ಬಾರಿಸುವ ಹಾಗೆ, ಅದರ ತಲೆಗೆ ಎರಡು ಬಾರಿಸಿದೆ. ಹಾನ್ನಾ ಹೌಹಾರಿ ‘ವೇಯ್ಟ್, ವೇಯ್ಟ್’ ಎಂದು ಕೈ ಹಿಡಿದಳು. ಹುಡುಗ ನೆಲ ಮುಟ್ಟಿದ ಮೇಲೆ ಗಿಸೆಲಾ ಬರೇ ಅವನ ಹೆಸರು ಹೇಳಿದಳು. ಹಾನ್ನಾ ಕಣ್ಣೊರೆಸಿಕೊಂಡಳು. ಗಿಸೆಲಾ ಇರುವಷ್ಟು ದನಿಯನ್ನು ಬೇಕಾದಲ್ಲಿ ಮಾತ್ರ ಖರ್ಚು ಮಾಡುತ್ತಾಳಂತೆ. ಜನಕ್ಕೆ ಮೊದಲಿಗಿಂತ ಈಗಲೇ ಹೆಚ್ಚು ಇಷ್ಟವಂತೆ. ನನಗೆ ನಿಮ್ಮದೇ ನೆನಪು. ಅರ್ಧ ಆಯುಷ್ಯ ಕಂಬಳದ ಮೈಕು ಹಿಡಿದವರು ನೀವು. ಕೋಣ ಗದ್ದೆಗಿಳಿಯುವ ಮೊದಲೇ ಅದರ ಅಜ್ಜನ ಕಥೆ ಶುರು ಮಾಡುತ್ತಿದ್ದಿರಿ! ಈ ಸಲ ಮೊದಲ ಕಂಬಳದ ದಿನ ಬಾಗಿಲು ಹಾಕಿಕೊಂಡು ಮಲಗಿದಿರೆಂದು ಕೇಳಿ ಬಹಳ ಸಂಕಟವಾಯಿತು.

ಹೊತ್ತಿಗೆ ಸರಿಯಾಗಿ ಊಟ ಮಾಡಿ. ಶೋಭನಾಳ ನಮಸ್ಕಾರ, ಮೊಮ್ಮಗಳ ಮುತ್ತು.

ನಿಮ್ಮ
ವೇದವತಿ

ತಾ.ಕ.: ಬಯ್ಯಬೇಡಿ. ಮಾರ್ಚಿನ ಕಂಬಳಕ್ಕೆ ನೀವೇ ಮೈಕು ಹಿಡಿಯುತ್ತೀರೆಂದು ಸಮಿತಿಯವರಿಗೆ ಫೋನ್ ಮಾಡಿ ಹೇಳಿಯಾಗಿದೆ. ಫೈನಲ್ ಜೋಡಿ ಓಡುವಾಗ ಸುಮ್ಮನಿರಿ. ಓಡುವುದು ಕೋಣ, ನೀವಲ್ಲ. ಗೆದ್ದವರ ಹೆಸರು ಹೇಳಿದರೆ ಸಾಕು. ಯಾರದಾದರೂ ಮೊಬೈಲಿನಿಂದ ಇಲ್ಲಿಗೆ ಫೋನ್ ಮಾಡಿಸಿ, ಅದನ್ನು ಲೌಡ್‌ಸ್ಪೀಕರಿನ ಹತ್ತಿರ ಹಿಡಿಸಿ. ಹಾನ್ನಾಳಿಗೆ ಒಂದಕ್ಷರ ತಿಳಿಯದು, ಆದರೂ ಕೇಳಬೇಕಂತೆ. ನನಗಂತೂ ಆ ಒಡೆದ ದನಿಯೇ ಬೇಕು.