ನಾಲ್ಕನೇ ದೃಶ್ಯದ ಹಾಳೆ

ಮನೆ, ಮಹಡಿ ಕೋಣೆ
ಹದಿನಾಲ್ಕನೇ ತಾರೀಕು, ಸೋಮವಾರ ಬೆಳಗ್ಗೆ

ಪ್ರೀತಿಯ ಪುಟ್ಟಕ್ಕಾ,

ಹೇಗಿದ್ದೀಯ? ಕುತ್ತಿಗೆ ನೋವು ಈಗ ಹೇಗಿದೆ? ಔಷಧಿ ಅಂಗಡಿಯಲ್ಲಿ ದಿನವಿಡೀ ನಿಂತೇ ಇರುವವಳು ನೀನು. ಊರವರಿಗೆಲ್ಲ ಮುಲಾಮು ಕೊಟ್ಟು ನೀನು ಏನೂ ಹಚ್ಚಿಕೊಳ್ಳದೆ ಮಲಗುತ್ತೀಯ ಎಂಬುದು ನನಗೆ ಗೊತ್ತಿಲ್ಲದ್ದೇನಲ್ಲ. ಭಾವನವರ ಕೆಮ್ಮು ಕಡಿಮೆಯಾಯಿತೆಂದು ನೀನು ಅಮ್ಮನಿಗೆ ಬರೆದ ಕಾಗದದಲ್ಲಿ ಓದಿದೆ. ಅಮ್ಮನ ಕಾಗದವನ್ನು ನಾನು ಓದಬಾರದು, ಒಪ್ಪಿದೆ. ಆದರೆ ಅವಳ ಕನ್ನಡಕದ ಕಾಲು ಮುರಿದಿತ್ತು, ಓದಿ ಹೇಳಬೇಕಾದವನು ನಾನೇ. ‘ಅಣ್ಣನಿಗೆ ನಮಸ್ಕಾರ ತಿಳಿಸು’ ಎಂಬ ಕೊನೆಯ ಸಾಲನ್ನೂ ನಾನೇ ಗಟ್ಟಿಯಾಗಿ ಓದಿದೆ. ಏಳು ವರ್ಷದಿಂದ ಅದೇ ಒಂದು ಸಾಲು. ನನಗಿಂತ ನಾಲ್ಕು ವರ್ಷ ಚಿಕ್ಕವಳಾದರೂ ಮಾತು ಬಂದ ದಿನದಿಂದ ನನ್ನನ್ನು ಗದರಿಸಿಕೊಂಡೇ ಬೆಳೆದವಳು ನೀನು, ಅದಕ್ಕೇ ಮನೆಯವರೆಲ್ಲ ಪುಟ್ಟಕ್ಕ ಅಂದದ್ದು. ಅಂಥವಳು ಈಗ ನಮಸ್ಕಾರ ಹೇಳಿ ಕಳಿಸುತ್ತೀಯ.

ಇಲ್ಲಿ ಅಮ್ಮ ಗಟ್ಟಿಯಾಗಿದ್ದಾಳೆ, ಮಂಡಿ ಮಾತ್ರ ಮೆಟ್ಟಿಲು ಕಂಡರೆ ಮುಷ್ಕರ ಹೂಡುತ್ತದೆ. ನಿನ್ನ ಅತ್ತಿಗೆ ಉತ್ತರ ಪತ್ರಿಕೆಗಳ ರಾಶಿಯಲ್ಲಿ ಹೂತುಹೋಗಿದ್ದಾಳೆ. ನನ್ನ ವಿಷಯ ನೀನು ಕೇಳುವುದಿಲ್ಲ. ಕೇಳದಿದ್ದರೂ ಹೇಳುತ್ತೇನೆ, ಹೇಳದಿದ್ದರೆ ತಲೆ ಸಿಡಿದುಹೋಗುತ್ತದೆ. ನಾನು ಒಂದು ನಾಟಕ ಮಾಡಿದೆ. ಹತ್ತೊಂಬತ್ತು ವರ್ಷ ಪ್ರತಿ ಶುಕ್ರವಾರ ಪೇಪರಿನಲ್ಲಿ ಬೇರೆಯವರ ನಾಟಕಗಳನ್ನು ಜಾಲಾಡಿದ ಮೇಲೆ, ನಾನೇ ಬರೆದು ನಾನೇ ನಿರ್ದೇಶಿಸಿದೆ. ನ್ಯಾಯಾಲಯದ ವರಾಂಡದಲ್ಲಿ ಒಂದೇ ಬೆಂಚಿನ ಮೇಲೆ ಕೂತು, ತಮ್ಮ ಹೆಸರು ಕೂಗುವುದನ್ನು ಇಡೀ ದಿನ ಕಾಯುವ ನಾಲ್ಕು ಜನರ ಕಥೆ. ಮೊದಲ ಪ್ರದರ್ಶನ ಆಗಿ ಒಂಬತ್ತು ದಿನವಾಯಿತು. ಅಮ್ಮನೂ ಬಂದಿದ್ದಳು. ಮುಗಿದ ಮೇಲೆ ನನ್ನ ಕೈ ಹಿಡಿದುಕೊಂಡು, “ಬೆಂಚು ತುಂಬಾ ಚೆನ್ನಾಗಿತ್ತು ಕಣೋ, ಎಲ್ಲಿ ಸಿಕ್ತು?” ಎಂದಳು. ಬೇರೆ ಏನಾದರೂ ಹೇಳುತ್ತಾಳೇನೋ ಎಂದು ನಾನು ಗೇಟಿನವರೆಗೂ ಕಾದೆ.

ತಾಲೀಮಿನ ಕಥೆ ಕೇಳಿದರೆ ನೀನು ನಗುತ್ತೀಯ. ಮುಖ್ಯ ಪಾತ್ರಕ್ಕೆ ಒಪ್ಪಿದ ಹಿರಿಯ ನಟರ ಬಗ್ಗೆ ಹನ್ನೊಂದು ವರ್ಷದ ಹಿಂದೆ ನಾನು, ‘ಇವರ ಕೈಗಳು ಯಾರವೆಂದು ಇವರಿಗೇ ತಿಳಿದಂತಿಲ್ಲ’ ಎಂದು ಬರೆದಿದ್ದೆನಂತೆ. ನನಗೆ ಮರೆತೇಹೋಗಿತ್ತು. ಅವರಿಗೆ ಮರೆತಿಲ್ಲ. ಕತ್ತರಿಸಿಟ್ಟುಕೊಂಡ ಆ ಚೂರನ್ನು ಪರ್ಸಿನಲ್ಲಿ ಇಟ್ಟುಕೊಂಡೇ ದಿನಾ ಬರುತ್ತಿದ್ದರು. ದೃಶ್ಯ ಮುಗಿದ ಕೂಡಲೇ ಎರಡೂ ಕೈ ಮುಂದೆ ಚಾಚಿ, “ಇವತ್ತು ಯಾರ ಕೈ ಸಾರ್ ಇವು?” ಎಂದು ಕೇಳುವುದು. ಉಳಿದವರಿಗೆ ನಗುವೋ ನಗು. ನಾನು ಹಲ್ಲುಕಚ್ಚಿಕೊಂಡು ನಿಂತಿರುತ್ತಿದ್ದೆ. ಬೆಳಕಿನವನಿಗೆ ಸ್ವಲ್ಪ ಮೆಲ್ಲಗೆ ಆರಿಸಪ್ಪಾ ಎಂದರೆ, “ಮೆಲ್ಲಗೆ ಆರಿಸಿದ್ರೆ ನಿದ್ದೆ ಬರುತ್ತೆ ಅಂತ ನೀವೇ ಬರ್ದಿದ್ರಲ್ಲ” ಎನ್ನುತ್ತಾನೆ. ನಾಟಕದವರಿಗೆ ನಾನು ಪೇಪರಿನವನು. ಪೇಪರಿನವರಿಗೆ, ಈಗ, ನಾಟಕದವನು. ಯಾವ ಮನೆಗೆ ಹೋದರೂ ಪಕ್ಕದ ಮನೆಯವನನ್ನು ಮಾತಾಡಿಸಿದ ಹಾಗೆ ಮಾತಾಡಿಸಿ ಬಾಗಿಲಲ್ಲೇ ಕಳಿಸುತ್ತಾರೆ.

ಇನ್ನು ವಿಮರ್ಶೆ. ನನ್ನ ನಾಟಕದ ಬಗ್ಗೆ ನಾನೇ ಬರೆಯುವ ಹಾಗಿಲ್ಲ, ಸರಿ. ಸಂಪಾದಕರು ಅದನ್ನು ಯಾರಿಗೆ ಕೊಟ್ಟರು ಹೇಳು? ಪದಬಂಧ ಮಾಡುವವನಿಗೆ. ಎಡದಿಂದ ಬಲಕ್ಕೆ, ಮೇಲಿನಿಂದ ಕೆಳಕ್ಕೆ ಮಾಡುವ ಅದೇ ಮನುಷ್ಯ. ಜನ್ಮದಲ್ಲಿ ನಾಲ್ಕು ನಾಟಕ ನೋಡಿದ್ದಾನೋ ಇಲ್ಲವೋ. ಹೋದ ಶುಕ್ರವಾರ ನನ್ನ ಅಂಕಣದ ಜಾಗದಲ್ಲೇ ಬಂತು. ‘ರಂಗದ ಮೇಲೆ ನಾಲ್ಕು ಜನ ಕಾಯುತ್ತಾರೆ. ಪ್ರೇಕ್ಷಕರನ್ನೂ ಸೇರಿಸಿದರೆ ಎಪ್ಪತ್ತೊಂದು.’ ಹೇಗಿದೆ? ನನಗೆ ಮೈ ಪರಚಿಕೊಳ್ಳುವಂತಾದದ್ದು ಅವನು ಬೈದದ್ದಕ್ಕಲ್ಲ, ಆ ಸಾಲು ಪೂರ್ತಿ ನನ್ನದೇ ಧಾಟಿಯಲ್ಲಿ ಇದ್ದದ್ದಕ್ಕೆ. ಹತ್ತೊಂಬತ್ತು ವರ್ಷ ಓದಿ ಓದಿ ಕಲಿತುಬಿಟ್ಟಿದ್ದಾನೆ. ಬೇರೆಯವರ ನಾಟಕಕ್ಕೆ ಬರೆದಿದ್ದರೆ ನಾನೇ ಬೆನ್ನು ತಟ್ಟುತ್ತಿದ್ದೆ. ನಿನ್ನ ಅತ್ತಿಗೆ ಅದನ್ನು ಓದಿ, “ಇಷ್ಟು ವರ್ಷ ಕೊಟ್ಟಿದ್ದೀರಲ್ಲ, ಈಗ ತಗೊಳ್ಳಿ” ಎಂದು ಕಾಫಿ ಲೋಟ ಮುಂದಿಟ್ಟು ಹೋದಳು.

ಈ ಎಲ್ಲದರ ನಡುವೆ ನನಗೆ ದಿನಾ ನೆನಪಾಗುವವಳು ನೀನು. ನಮ್ಮ ಆ ಹನ್ನೆರಡು ವರ್ಷದ ಕೆಲಸ ನೆನಪಿದೆಯಲ್ಲ? ನಾನು ಕತ್ತಲೆಯಲ್ಲಿ ಕೂತು ಟಿಪ್ಪಣಿಪುಸ್ತಕದಲ್ಲಿ ಗೀಚಿಕೊಂಡು ಬರುವುದು, ಸಾಲಿನ ಮೇಲೆ ಸಾಲು ಹತ್ತಿ ಕೂತಿರುವುದು, ಮಾರನೆಯ ಬೆಳಗ್ಗೆ ನನಗೇ ಒಂದಕ್ಷರ ಅರ್ಥವಾಗದಿರುವುದು. ನೀನು ಎರಡು ಬೀದಿ ದಾಟಿ ಬಂದು ಇದೇ ಮೇಜಿನ ಮುಂದೆ ಕೂತು, ಕಿಟಕಿಯ ಬೆಳಕಿಗೆ ಹಾಳೆ ಹಿಡಿದು, ಅಷ್ಟನ್ನೂ ಓದಿ, ನಾನು ಹೇಳಿದ್ದನ್ನು ಟೈಪ್ ಮಾಡುತ್ತಿದ್ದೆ. ಈಗ ಡಾಕ್ಟರುಗಳ ಚೀಟಿ ಓದುವುದು ನಿನಗೆ ನೀರು ಕುಡಿದಷ್ಟು ಸುಲಭವಂತೆ. ಆಗದೆ ಏನು, ಪಳಗಿದ್ದು ಯಾರ ಅಕ್ಷರದಲ್ಲಿ? ದೃಶ್ಯ ಬದಲಾದಾಗಲೆಲ್ಲ ನಾನು ಹಾಳೆ ತಿರುಗಿಸಿ ಮೇಲೆ ಅದರ ಅಂಕಿ ಹಾಕುತ್ತಿದ್ದೆ. ಕೆಲವು ಸಲ ಅಂಕಿಯ ಕೆಳಗೆ ಏನೂ ಇರುತ್ತಿರಲಿಲ್ಲ. ಮೊದಲ ಸಲ ಅದನ್ನು ಕಂಡಾಗ, “ಇಲ್ಲಿ ಏನೂ ಬರ್ದೇ ಇಲ್ವಲ್ಲೋ, ನಿದ್ದೆ ಮಾಡಿದ್ಯಾ?” ಎಂದು ಗದರಿದ್ದೆ. ವರ್ಷ ಕಳೆಯುವಷ್ಟರಲ್ಲಿ ನಿನಗೆ ಗುಟ್ಟು ಗೊತ್ತಾಯಿತು. “ಪುಟ ಖಾಲಿ. ಅಂದ್ರೆ ಅಣ್ಣ ಇಲ್ಲಿ ಬರೆಯೋದು ಮರೆತು ನಾಟಕ ನೋಡಿದ್ದಾನೆ” ಎಂದು ನಗುತ್ತಿದ್ದೆ. ಖಾಲಿ ಪುಟ ಸಿಕ್ಕಿದರೆ ಹೊಗಳಿಕೆ ಎಂದು ನಾನು ಬಾಯಿ ತೆರೆಯುವ ಮೊದಲೇ ಅರ್ಧ ಟೈಪ್ ಆಗಿರುತ್ತಿತ್ತು.

ನೀನು ಅಭಿನಯಿಸುವುದನ್ನು ಬಿಟ್ಟದ್ದಕ್ಕೆ ನಾನು ಕಾರಣ ಎಂದು ಅಮ್ಮ ಇವತ್ತಿಗೂ ನನ್ನ ಮೇಲೆ ಗೂಬೆ ಕೂರಿಸುತ್ತಾಳೆ. ನಾನು ಏಳು ವರ್ಷದಿಂದ ಒಂದೇ ಉತ್ತರ ಹೇಳಿಕೊಂಡು ಬಂದಿದ್ದೇನೆ. ತಂಗಿಯಾದರೇನು, ರಂಗದ ಮೇಲೆ ಹತ್ತಿದವಳು ಎರಡು ಮಾತು ಕೇಳಬೇಕು. ನಾನು ಬರೆದದ್ದು ಒಂದೇ ಸಾಲು. ಗಂಡ ಬಿಟ್ಟುಹೋದ ಹೆಂಗಸಾಗಿ ನೀನು ಅವನ ಅಂಗಿಗೆ ಇಸ್ತ್ರಿ ಹಾಕುವ ದೃಶ್ಯ ಅದು, ಮಾತಿಲ್ಲ. ‘ಅಂಗಿಯ ಸುಕ್ಕು ಹೋಯಿತು, ಅಭಿನಯದ ಸುಕ್ಕು ಹಾಗೆಯೇ ಉಳಿಯಿತು.’ ಊರಿಗೆ ಊರೇ ನಕ್ಕಿತು, ಈಗಲೂ ಕೆಲವರು ನೆನಪಿಸಿಕೊಂಡು ನಗುತ್ತಾರೆ. ಆ ಸಾಲನ್ನು ಟೈಪ್ ಮಾಡಿದವಳೂ ನೀನೇ. ಮುಗಿಸಿ ಎದ್ದು, “ಒಂದಕ್ಷರಾನೂ ತಿದ್ದಿಲ್ಲ, ನೋಡ್ಕೋ” ಎಂದಷ್ಟೇ ಹೇಳಿ ಹೋದೆ. ಆ ತಿಂಗಳೇ ಭಾವನವರಿಗೆ ವರ್ಗವಾಯಿತು. ನಾಟಕವೂ ನಿಂತಿತು, ನನ್ನೊಡನೆ ಮಾತೂ ನಿಂತಿತು. ಒಂದು ಸಾಲು ತಡೆದುಕೊಳ್ಳಲಾಗದವಳು ಎಂದು ನಾನು ಎಷ್ಟು ಜನರ ಮುಂದೆ ಆಡಿಕೊಂಡಿದ್ದೇನೋ ಲೆಕ್ಕವಿಲ್ಲ. ಈಗ ಪದಬಂಧದವನ ಒಂದು ಸಾಲಿಗೆ ನಾನು ಮೂರು ದಿನ ಸರಿಯಾಗಿ ಉಂಡಿಲ್ಲ.

ಇನ್ನೊಂದು ಹೇಳಿ ಮುಗಿಸುತ್ತೇನೆ. ನನ್ನ ನಾಟಕದ ಮೊದಲ ಪ್ರದರ್ಶನದ ದಿನ, ಅಭ್ಯಾಸಬಲ ನೋಡು, ಕೊನೆಯ ಸಾಲಿನಲ್ಲಿ ಟಿಪ್ಪಣಿಪುಸ್ತಕ ಹಿಡಿದು ಕೂತೆ. ಏಳು ದೃಶ್ಯ. ಮನೆಗೆ ಬಂದು ನೋಡಿದರೆ ಎಲ್ಲ ಪುಟವೂ ಕಿಕ್ಕಿರಿದು ತುಂಬಿದೆ, ಒಂದೇ ಒಂದು ಖಾಲಿ ಇಲ್ಲ. ಪದಬಂಧದವನು ಬರೆಯುವ ಆರು ದಿನ ಮೊದಲೇ ನನಗೆ ನನ್ನ ನಾಟಕದ ಹಣೆಬರಹ ಗೊತ್ತಾಗಿತ್ತು, ಪುಟ್ಟಕ್ಕಾ. ಆಮೇಲೆ, ಯಾರ ಯಾರ ನಾಟಕಕ್ಕೆ ಖಾಲಿ ಪುಟ ಬಿಟ್ಟಿದ್ದೆನೋ ನೋಡೋಣವೆಂದು ಅಟ್ಟದ ಟ್ರಂಕು ಇಳಿಸಿ ಹಳೆಯ ಪುಸ್ತಕಗಳನ್ನೆಲ್ಲ ನಿನ್ನೆ ಹರಡಿಕೊಂಡು ಕೂತಿದ್ದೆ. ಇರಲಿ, ಆ ಸುದ್ದಿ ಈಗ ಬೇಡ.

ಈ ಶನಿವಾರ ಸಂಜೆ ಆರಕ್ಕೆ ಕೊನೆಯ ಪ್ರದರ್ಶನ. ಮೂರನೇ ದೃಶ್ಯವನ್ನು ಅರ್ಧಕ್ಕೆ ಇಳಿಸಿದ್ದೇನೆ, ಇನ್ನೂ ಎಲ್ಲೋ ಎಡವುತ್ತಿದೆ, ಎಲ್ಲಿ ಎಂದು ನನಗೆ ಕಾಣುತ್ತಿಲ್ಲ. ಬಾ ಎಂದು ಕರೆಯುವ ಮುಖ ನನಗಿಲ್ಲ. ಆದರೂ ಕೊನೆಯ ಸಾಲಿನ ತುದಿಯ ಕುರ್ಚಿ ನಿನಗೆಂದು ಹಿಡಿದಿಟ್ಟಿದ್ದೇನೆ. ಭಾವನವರಿಗೆ ನನ್ನ ನೆನಪು ಹೇಳು, ಅವರನ್ನೂ ಕರೆದುಕೊಂಡು ಬಾ. ಅಮ್ಮ ನಿನಗೆ ನೂರು ವರ್ಷ ಆಯಸ್ಸು ಕೊಟ್ಟಿದ್ದಾಳೆ, ಅತ್ತಿಗೆ ಅಕ್ಕರೆ ಕಳಿಸಿದ್ದಾಳೆ. ಮೈ ಕಡೆ ನಿಗಾ ಇರಲಿ.

ನಿನ್ನ
ಅಣ್ಣ

ತಾ.ಕ.: ನಿನ್ನ ಅತ್ತಿಗೆ ಅಂಚೆಗೆ ಹಾಕಲು ಚಪ್ಪಲಿ ಮೆಟ್ಟಿ ಬಾಗಿಲಲ್ಲಿ ನಿಂತಿದ್ದಾಳೆ, ಬೇಗ ಬರೆಯುತ್ತೇನೆ. ಟ್ರಂಕಿನಲ್ಲಿ ನಿನ್ನ ಆ ನಾಟಕದ ಟಿಪ್ಪಣಿಪುಸ್ತಕ ಸಿಕ್ಕಿತು. ಹಾಳೆ ಕಿತ್ತು ಇದರೊಳಗೆ ಇಟ್ಟಿದ್ದೇನೆ. ಮೇಲೆ ನಾಲ್ಕು ಎಂದು ಅಂಕಿ ಇದೆ, ಕೆಳಗೆ ಏನೂ ಇಲ್ಲ. ಅವತ್ತು ಕಿತ್ತುಬರುವಂತಿದ್ದ ಗುಂಡಿ ಕಂಡು ನಿನ್ನ ಕೈ ನಿಂತಿತು, ಆಮೇಲೆ ಅದರ ಸುತ್ತ ಇಸ್ತ್ರಿಪೆಟ್ಟಿಗೆಯನ್ನು ಅಷ್ಟು ಮೆತ್ತಗೆ ತಿರುಗಿಸಿದೆ. ಅವನು ಇನ್ನು ಬರುವುದಿಲ್ಲ ಎಂದು ನನಗೆ ತಿಳಿದದ್ದು ಆಗ. ಪೆನ್ನು ಹಿಡಿದುಕೊಂಡು ಸುಮ್ಮನೆ ಕೂತಿದ್ದೆ. ಮಾರನೆಯ ದಿನ ಸಂಪಾದಕರು, “ನಿಮ್ಮ ತಂಗಿಯೇ ಅಲ್ವಾ ಆಡಿದ್ದು?” ಎಂದು ನಕ್ಕರು. ತಂಗಿಯನ್ನು ಹೊಗಳಿದ ಎನ್ನಿಸಿಕೊಳ್ಳುವ ಹೆದರಿಕೆಗೆ ಆ ಸಾಲು ಹುಟ್ಟಿಸಿದೆ. ಅದು ಸುಳ್ಳು. ಟೈಪ್ ಮಾಡುವಾಗ ಈ ಹಾಳೆ ನಿನ್ನ ಕಣ್ಣ ಮುಂದೆಯೇ ಇತ್ತು, ಖಾಲಿ ಪುಟ ಎಂದರೇನೆಂದು ನಿನಗಿಂತ ಚೆನ್ನಾಗಿ ಬಲ್ಲವರಿಲ್ಲ. ನೀನು ಸಿಟ್ಟಾದದ್ದು ಬೈಗುಳಕ್ಕಲ್ಲ ಎಂದು ನನಗೆ ಗೊತ್ತಾಗಲು ಏಳು ವರ್ಷ ಹಿಡಿಯಿತು. ಇದನ್ನೆಲ್ಲ ಈ ಶುಕ್ರವಾರದ ಅಂಕಣಕ್ಕೆ ನಿನ್ನೆ ರಾತ್ರಿಯೇ ಬರೆದು ಕೊಟ್ಟಿದ್ದೇನೆ. ಅಂಕಣ ಹೋದರೆ ಹೋಗಲಿ. ಶನಿವಾರ ಬರಲಾಗದಿದ್ದರೆ ಅಮ್ಮನಿಗಲ್ಲ, ನನಗೇ ಒಂದು ಕಾಗದ ಹಾಕು. ನಮಸ್ಕಾರ ಬೇಡ, ಬೈದು ಬರಿ.