ಬೆನ್ನಿಗೆ ತುಟಿಯಿಲ್ಲ

ಖಾಲಿದಿಯಾ, ಅಬುಧಾಬಿ
14 ನವೆಂಬರ್ 2024

ಪ್ರೀತಿಯ ಮೈಮೂನ,

ಗಂಟಲು ಹೇಗಿದೆ? ಆಪರೇಶನ್ ಆದ ಮೇಲೆ ಒಂದು ತಿಂಗಳು ಮಾತೇ ಆಡಬಾರದು ಎಂದು ಡಾಕ್ಟರು ಹೇಳಿದ್ದಾರಂತೆ. ಫೋನಿನಲ್ಲಿ ನಾನೊಬ್ಬಳೇ ಎಷ್ಟೆಂದು ಜಗಳವಾಡಲಿ? ಅದಕ್ಕೇ ಈ ಕಾಗದ.

ಮೊದಲು ಕೆಟ್ಟ ಸುದ್ದಿ. ನಾವು ಕನ್ನಡಕ್ಕೆ ಡಬ್ ಮಾಡುತ್ತಿದ್ದ ಹಳೆಯ ಸ್ವೀಡಿಷ್ ಸಿನಿಮಾಗಳಲ್ಲಿ ಕೊನೆಯದು, ನೀನು ಎರಡು ವರ್ಷದಿಂದ ಕಾದಿದ್ದೆಯಲ್ಲ, ಅದರ ನಾಯಕಿಗೆ ನಾನು ಧ್ವನಿ ಕೊಟ್ಟೆ. ಸ್ಟುಡಿಯೋದ ಬದ್ರುದ್ದೀನ್ ಸಾಹೇಬರು ದಮ್ಮಯ್ಯ ದಕ್ಕಯ್ಯ ಎಂದು ಬೇಡಿಕೊಂಡರು. ಇಲ್ಲವೆನ್ನಲಾಗಲಿಲ್ಲ.

ಮೈಮೂನ, ನನಗೆ ನಿನ್ನ ಮೇಲೆ ಹೊಟ್ಟೆಕಿಚ್ಚು. ನಿನ್ನನ್ನು ಆ ಸ್ಟುಡಿಯೋಕ್ಕೆ ಕರೆದುಕೊಂಡು ಹೋದವಳೇ ನಾನು. ಮೊದಲ ದಿನವೇ ನಿನ್ನ ಪಾಲಿಗೆ ನಾಯಕಿ, ನನ್ನ ಪಾಲಿಗೆ ಪೋಷಕ ನಟಿ ಹಿಲ್ಮಾ. 1938ರಿಂದ 1961ರವರೆಗೆ ನಲವತ್ತಮೂರು ಸಿನಿಮಾ ಮಾಡಿದವಳು, ಒಂದರಲ್ಲೂ ಪಾತ್ರಕ್ಕೊಂದು ಹೆಸರಿಲ್ಲ! ಕೆಲಸದಾಕೆ, ಪಕ್ಕದ ಮನೆಯವಳು, ನರ್ಸು. ಒಮ್ಮೆ ಬರೀ ಸಾಯುವವಳು. ಆ ಒಂದು ನರಳಾಟಕ್ಕೆ ನಾನು ಬಸ್ಸು, ಮೆಟ್ರೊ ಹಿಡಿದು ಎರಡೂವರೆ ಗಂಟೆ ಜುಮೇರಾ ಲೇಕ್ ಟವರ್ಸಿನ ಸ್ಟುಡಿಯೋಕ್ಕೆ ಬಂದಿದ್ದೆ. ನೀನು ನಕ್ಕೆ. ನಾನೂ ನಕ್ಕೆ, ಆದರೆ ವಾಪಸು ಬರುವಾಗ ಬಸ್ಸಿನಲ್ಲಿ ಅತ್ತೆ.

ಅಲ್ಲಿಂದ ಶುರುವಾಯಿತು ನನ್ನ ಕಳ್ಳಾಟ. ಹಿಲ್ಮಾಳನ್ನು ಹೆಚ್ಚಾಗಿ ಕ್ಯಾಮರಾಕ್ಕೆ ಬೆನ್ನು ಮಾಡಿ ನಿಲ್ಲಿಸುತ್ತಿದ್ದರು. ಬೆನ್ನಿಗೆ ತುಟಿಯಿಲ್ಲ, ಏನು ಸೇರಿಸಿದರೂ ನಡೆಯುತ್ತದೆ. ನಿನ್ನ ನಾಯಕಿ ಗಂಡನನ್ನು ನೆನೆದು ಅಳುವಾಗ ಕೆಲಸದಾಕೆ ಗೊಣಗುತ್ತಾಳಲ್ಲ, ಈಗ ಅತ್ತೇನು ಬಂತು ಅಂತ? ಮೂಲದಲ್ಲಿ ಆ ಮಾತೇ ಇಲ್ಲ. ಜನ ನಕ್ಕರು, ನಿನ್ನ ಅಳು ನೀರುಪಾಲಾಯಿತು. ನೀನು ಅನುವಾದ ಮಾಡಿದವನನ್ನು ಬೈದೆ, ನಾನು ತೆಪ್ಪಗಿದ್ದೆ.

ಈಗ ನಾಯಕಿಯಾಗಿ ಮೈಕಿನ ಮುಂದೆ ನಿಂತರೆ ಪರದೆಯ ತುಂಬ ಮುಖ. ಒಂದಕ್ಷರ ಹೆಚ್ಚಾಗುವಂತಿಲ್ಲ. ಹನ್ನೆರಡು ಸಲ ತಪ್ಪಿದೆ. ಇದನ್ನು ನೀನು ಒಂದೇ ಸಲಕ್ಕೆ ಮುಗಿಸುತ್ತಿದ್ದೆಯಲ್ಲೇ, ಹಾಳಾದವಳೇ! ಹದಿಮೂರನೆಯ ಸಲ ಕಣ್ಣುಮುಚ್ಚಿ ನಿನ್ನ ಹಾಗೆ ಉಸಿರೆಳೆದುಕೊಂಡೆ, ಸರಿಹೋಯಿತು. ಖಲಾಸ್, ಮೈಮೂನನೇ ಬಂದ ಹಾಗಾಯ್ತು ಎಂದರು ಬದ್ರುದ್ದೀನ್ ಸಾಹೇಬರು. ನನ್ನ ಜೀವಮಾನದ ಮೊದಲ ನಾಯಕಿ, ಆ ಹೊಗಳಿಕೆಯೂ ನಿನಗೇ ಹೋಯಿತು. ಹೊಟ್ಟೆಕಿಚ್ಚು ಇನ್ನೂ ಆರಿಲ್ಲ ಕಣೇ. ಬಿಸಿನೀರು ಕುಡಿಯುತ್ತಿರು.

ನಿನ್ನವಳೇ ಆದ,
ಡೊರೊತಿ

ಬರೆಯದೆ ಮುಚ್ಚಿಡಬೇಕೆಂದಿದ್ದೆ, ಆಗಲಿಲ್ಲ: ಬದ್ರುದ್ದೀನ್ ಸಾಹೇಬರು ನನ್ನನ್ನು ಬೇಡಿಕೊಳ್ಳಲಿಲ್ಲ. ನೀನು ವಾಸಿಯಾಗುವವರೆಗೆ ಕಾಯುತ್ತೇವೆ ಎಂದಿದ್ದರು. ನಾನೇ ಕೇಳಿ ಕಸಿದುಕೊಂಡೆ. ಹಿಲ್ಮಾಳ ಪಾತ್ರ ಮಾತ್ರ ಹಾಗೇ ಉಳಿದಿದೆ. ಇರುವುದು ಒಂದೇ ಮಾತು, ಕಾಫಿ ಆರಿಹೋಗ್ತಿದೆ ಅಮ್ಮಾವ್ರೇ ಅಂತ. ಶನಿವಾರಕ್ಕೆ ನಿನ್ನ ತಿಂಗಳು ಮುಗಿಯುತ್ತದೆ. ನಿನಗೆ ಮನಸ್ಸಿದ್ದರೆ ಬಂದು ಆ ಮಾತನ್ನು ನೀನೇ ಹೇಳು. ಅವಳು ಬೆನ್ನು ಮಾಡಿ ತುಂಬ ಹೊತ್ತು ನಿಂತಿದ್ದಾಳೆ, ನನಗೆ ಏನೇನು ಬೈಯಬೇಕೋ ಎಲ್ಲ ಸೇರಿಸಬಹುದು.